ಹದಿನಾರು ಕುರ್ಚಿ, ಹದಿನೇಳನೆಯ ಮೆಹತಾ

ಊರಿನ ಗಟಾರ ಯಾರ ಕೈಯಲ್ಲಿರಬೇಕು? ನಳದಲ್ಲಿ ನೀರು ಎಷ್ಟು ಹೊತ್ತಿಗೆ ಬರಬೇಕು, ಮನೆಪಟ್ಟಿ ಎಷ್ಟು ಏರಬೇಕು, ಸಂತೆಯ ಜಾಗ ಎಲ್ಲಿರಬೇಕು ಅನ್ನುವುದನ್ನು ಸರಕಾರ ಕಳಿಸಿದ ಸಾಹೇಬರು ಹೇಳಬೇಕೋ, ಪಟ್ಟಿ ಕಟ್ಟುವ ಮಂದಿ ಆರಿಸಿ ಕಳಿಸಿದವರು ಹೇಳಬೇಕೋ? ವಾರ್ಡಿನ ಚುನಾವಣೆ ಬಂತೆಂದರೆ ಟಿಕೆಟ್ಟು, ಜಾತಿ ಲೆಕ್ಕ, ಬ್ಯಾನರು, ಹಾರ ಇಷ್ಟೇ ನಮ್ಮ ಕಣ್ಣಿಗೆ ಕಾಣುತ್ತದೆ. ಆದರೆ ಆ ವಾರ್ಡು ಅನ್ನುವ ಚೌಕಟ್ಟು ಆಕಾಶದಿಂದ ಉದುರಿದ್ದಲ್ಲ. ಅದಕ್ಕಾಗಿ ನಲವತ್ತು ವರ್ಷಕ್ಕೂ ಮೇಲೆ ಜಗಳಾಡಿದ ಒಬ್ಬ ಮನುಷ್ಯ ಮುಂಬಯಿಯಲ್ಲಿದ್ದರು. ಸರ್ ಫಿರೋಜ್‌ಷಾ ಮೆಹತಾ. ಕೋಟೆ ಪ್ರದೇಶದ ದೊಡ್ಡ ರಸ್ತೆಗೆ ಅವರ ಹೆಸರಿದೆ, ಮಲಬಾರ್ ಗುಡ್ಡದ ಹ್ಯಾಂಗಿಂಗ್ ಗಾರ್ಡನ್ನಿಗೂ ಅವರದೇ ಹೆಸರು. ಧಾರವಾಡ, ಬೆಳಗಾವಿ, ವಿಜಾಪುರ, ಕಾರವಾರ ಜಿಲ್ಲೆಗಳೆಲ್ಲ ಆಗ ಮುಂಬಯಿ ಇಲಾಖೆಯ ಅಡಿಯಲ್ಲೇ ಇದ್ದವು. ಹೀಗಾಗಿ ಈ ಮನುಷ್ಯ ನಮಗೆ ತೀರಾ ಪರಕೀಯರೇನೂ ಅಲ್ಲ.

1845ರ ಆಗಸ್ಟ್ 4ರಂದು ಮುಂಬಯಿಯಲ್ಲಿ ಹುಟ್ಟಿದರು. ಪಾರ್ಸಿ ವ್ಯಾಪಾರಸ್ಥರ ಮನೆತನ. ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಕಲಿತು 1864ರಲ್ಲಿ ಪದವಿ ಪಡೆದರು. ಪ್ರಿನ್ಸಿಪಾಲ್ ಸರ್ ಅಲೆಕ್ಸಾಂಡರ್ ಗ್ರಾಂಟ್ ಹುಡುಗನ ಬುದ್ಧಿ ನೋಡಿ ಬಿಡಲಿಲ್ಲ. ಆಗ ರುಸ್ತುಮ್‌ಜಿ ಜಮ್‌ಶೆಟ್‌ಜಿ ಜೀಜೀಭಾಯ್ ಎಂಬ ಧನಿಕರು ಐದು ಮಂದಿ ಭಾರತೀಯರನ್ನು ವಿಲಾಯತಿಗೆ ಕಳಿಸಿ ಬ್ಯಾರಿಸ್ಟರ್ ಮಾಡಿಸಲು ಒಂದೂವರೆ ಲಕ್ಷ ರೂಪಾಯಿ ತೆಗೆದಿಟ್ಟಿದ್ದರು. ಅದರಲ್ಲಿ ಒಂದು ಜಾಗ ಮೆಹತಾಗೆ ಸಿಕ್ಕಿತು. ಹಡಗು ಹತ್ತಿದರು.

ಅಷ್ಟರಲ್ಲಿ ಮುಂಬಯಿ ಪೇಟೆ ಮುಳುಗಿತು. ಅಮೆರಿಕದಲ್ಲಿ ಒಳಜಗಳದ ಯುದ್ಧ ನಡೆದಿದ್ದಾಗ ಅಲ್ಲಿಯ ಹತ್ತಿ ನಿಂತು, ನಮ್ಮ ಕಡೆಯ ಹತ್ತಿಗೆ ಬಂಗಾರದ ಬೆಲೆ ಬಂದಿತ್ತು. ಹತ್ತಿ ಬೆಳೆಯುವ ನಮ್ಮ ಸೀಮೆಯವರಿಗೆ ಆ ಕಾಲದ ಕಥೆ ಅಜ್ಜಂದಿರ ಬಾಯಿಂದ ಬಂದದ್ದೇ. 1865ರಲ್ಲಿ ಯುದ್ಧ ಮುಗಿಯಿತು, ಬೆಲೆ ಬಿತ್ತು, ಶೇರು ಕಾಗದ ಹಿಡಿದುಕೊಂಡವರೆಲ್ಲ ದಿವಾಳಿ ಎದ್ದರು. ಸ್ಕಾಲರ್‌ಶಿಪ್ ಕೊಟ್ಟ ರುಸ್ತುಮ್‌ಜಿಯವರೂ ಅದರಲ್ಲಿ ಒಬ್ಬರು. ಮೆಹತಾರ ದುಡ್ಡು ನಿಂತುಹೋಯಿತು. ಹೇಗೋ ಮಾಡಿ ಲಿಂಕನ್ಸ್ ಇನ್‌ನಲ್ಲಿ ಓದು ಮುಗಿಸಿ 1868ರಲ್ಲಿ ಬ್ಯಾರಿಸ್ಟರ್ ಆಗಿ ಮುಂಬಯಿಗೆ ಮರಳಿದರು. ಲಂಡನ್ನಿನಲ್ಲಿ ಅವರಿಗೆ ಸಿಕ್ಕ ಸಹವಾಸ ದಾದಾಭಾಯಿ ನವರೋಜಿ, ಡಬ್ಲ್ಯು. ಸಿ. ಬ್ಯಾನರ್ಜಿ, ಬದ್ರುದ್ದೀನ್ ತ್ಯಾಬ್ಜಿ ಇಂಥವರದು. ಮುಂದೆ ಕಾಂಗ್ರೆಸ್ಸು ಕಟ್ಟಿದವರೇ ಇವರು.

ವಕೀಲಿ ಹೆಚ್ಚಾಗಿ ಗುಜರಾತು, ಕಾಠಿಯಾವಾಡದ ಕೋರ್ಟುಗಳಲ್ಲಿ ನಡೆಯಿತು. ದುಡ್ಡು ಚೆನ್ನಾಗಿಯೇ ಬಂತು. ಆದರೆ ಹೆಸರು ಬಂದದ್ದು ಕೋರ್ಟಿನಿಂದಲ್ಲ, ಗಟಾರದಿಂದ.

ಕ್ರಾಫರ್ಡ್ ಸಾಹೇಬನ ಖರ್ಚು

1865ರ ಕಾಯಿದೆ ಪ್ರಕಾರ ಮುಂಬಯಿ ಮುನಸಿಪಾಲಿಟಿ ನಡೆಸುತ್ತಿದ್ದದ್ದು ಜೆ.ಪಿ.ಗಳು ಎಂಬ ಒಂದು ಗುಂಪು. ಸರಕಾರವೇ ನೇಮಿಸಿದ ಪ್ರತಿಷ್ಠಿತರು, ಒಮ್ಮೆ ಆದರೆ ಜೀವಮಾನ ಪೂರ್ತಿ. ಯಾರೂ ಆರಿಸುವಂತಿಲ್ಲ, ಯಾರೂ ಇಳಿಸುವಂತಿಲ್ಲ. ಇವರ ಮೇಲೆ ಮುನಸಿಪಲ್ ಕಮಿಷನರ್ ಆಗಿ ಕೂತವನು ಆರ್ಥರ್ ಕ್ರಾಫರ್ಡ್. ದೊಡ್ಡ ಕೈ. ಗಬ್ಬು ನಾರುತ್ತಿದ್ದ ಊರನ್ನು ತೊಳೆಸಿದ, ರಸ್ತೆ ಮಾಡಿಸಿದ, ಅವನ ಹೆಸರಿನ ಮಾರ್ಕೆಟ್ಟು 1869ರಲ್ಲಿ ಎದ್ದಿತು. ಈಗ ಅದು ಮಹಾತ್ಮಾ ಜ್ಯೋತಿಬಾ ಫುಲೆ ಮಂಡಿ, ಆದರೂ ಟ್ಯಾಕ್ಸಿಯವರು ಕ್ರಾಫರ್ಡ್ ಮಾರ್ಕೆಟ್ ಎಂದರೇನೇ ಒಯ್ದು ಬಿಡುತ್ತಾರೆ. ಕೆಲಸವೇನೋ ಆಯಿತು. ಖಜಾನೆ ಮಾತ್ರ ಬರಿದಾಯಿತು, ಸಾಲ ಏರಿತು, ಮನೆಪಟ್ಟಿ ಏರಿತು. ಹತ್ತಿ ಪೇಟೆ ಮುಳುಗಿ ಸುಸ್ತಾಗಿದ್ದ ಮನೆ ಮಾಲಿಕರು, ಅಂಗಡಿಕಾರರು ರೊಚ್ಚಿಗೆದ್ದರು. ಎಲ್ಲರ ಬಾಯಲ್ಲೂ ಒಂದೇ ಮಾತು, ಕ್ರಾಫರ್ಡ್ ತೊಲಗಲಿ.

1871ರ ನವೆಂಬರಿನಲ್ಲಿ ಫ್ರಾಮ್‌ಜಿ ಕವಾಸ್‌ಜಿ ಇನ್‌ಸ್ಟಿಟ್ಯೂಟಿನಲ್ಲಿ ಸಭೆ. ಇಪ್ಪತ್ತಾರು ವರ್ಷದ ಮೆಹತಾ ಒಂದು ಲೇಖನ ಓದಲು ಎದ್ದು ನಿಂತರು. ಜನ ಬಂದದ್ದು ಕ್ರಾಫರ್ಡ್‌ಗೆ ಬೈಯುವುದನ್ನು ಕೇಳಲಿಕ್ಕೆ. ಈ ಹುಡುಗ ಉಲ್ಟಾ ಶುರು ಮಾಡಿದ. ಕ್ರಾಫರ್ಡ್ ಊರಿನ ಆರೋಗ್ಯಕ್ಕೆ ಮಾಡಿದ ಕೆಲಸ ಸುಳ್ಳಲ್ಲ, ಖರ್ಚಿಗೆ ಲಗಾಮು ಹಾಕಬೇಕಾಗಿದ್ದ ಜೆ.ಪಿ.ಗಳೇ ಮಲಗಿದ್ದರು, ತಪ್ಪು ಒಬ್ಬ ಅಧಿಕಾರಿಯದಲ್ಲ, ಯಾರಿಗೂ ಉತ್ತರ ಹೇಳಬೇಕಿಲ್ಲದ ಆ ಗುಂಪಿನದು ಎಂಬುದು ವಾದದ ಸಾರ. ಅವರು ಸೂಚಿಸಿದ ಮದ್ದು ಬೇರೆ. ಅಧಿಕಾರಿ ಒಬ್ಬನೇ ಇರಲಿ, ಕೆಲಸ ಅವನ ಕೈಯಲ್ಲೇ ಇರಲಿ, ಆದರೆ ಅವನ ಮೇಲೆ ಪಟ್ಟಿ ಕಟ್ಟುವ ಜನ ಆರಿಸಿದ ಸಭೆ ಕೂರಲಿ, ಲೆಕ್ಕ ನೋಡಲು ಬೇರೆ ಕಣ್ಣಿರಲಿ.

ಸಭೆಯಲ್ಲಿ ಗದ್ದಲವೋ ಗದ್ದಲ. ಹುಯ್ಯೆಂದು ಕೂಗಿದರು. ಜನರಿಗೆ ಬೇಕಾದದ್ದು ಒಂದು ತಲೆ, ಮೆಹತಾ ಕೊಟ್ಟದ್ದು ಒಂದು ವ್ಯವಸ್ಥೆ. ಜನಪ್ರಿಯತೆ ಬೇಕಾಗಿದ್ದರೆ ಆ ಹೊತ್ತಿಗೆ ನಾಲ್ಕು ಬೈಗುಳ ಬೈದಿದ್ದರೆ ಸಾಕಾಗಿತ್ತು. ಅಂದಹಾಗೆ, ಅದೇ ಕ್ರಾಫರ್ಡ್ 1888ರಲ್ಲಿ ಪುಣೆ ಕಡೆ ಕಮಿಷನರ್ ಆಗಿದ್ದಾಗ ಮಾಮಲೇದಾರರಿಂದ ಹಣ ಎತ್ತಿದ ಆರೋಪದ ಮೇಲೆ ವಿಚಾರಣೆಗೆ ಸಿಕ್ಕಿ ನೌಕರಿ ಕಳಕೊಂಡ. ಆಗ ಮೆಹತಾರನ್ನು ಹೀಯಾಳಿಸಿದವರು ನಾವು ಮೊದಲೇ ಹೇಳಿರಲಿಲ್ಲವೆ ಅಂದುಕೊಂಡಿರಬೇಕು. ಆದರೆ ಮೆಹತಾ ವಾದಿಸಿದ್ದು ಸಾಹೇಬನ ಗುಣದ ಬಗ್ಗೆ ಅಲ್ಲವೇ ಅಲ್ಲ. ಒಳ್ಳೆಯವನಿರಲಿ ಕೆಟ್ಟವನಿರಲಿ, ಅವನ ಕೈ ಹಿಡಿಯಲು ಚುನಾಯಿತ ಸಭೆ ಬೇಕು ಅಂತ ಅವರ ಹಟ.

1872ರಲ್ಲಿ ಹೊಸ ಕಾಯಿದೆ ಬಂತು. ನವರೋಜಿ ಫರ್ದುನ್‌ಜಿಯಂಥ ಹಿರಿಯರ ಹೋರಾಟವೂ ಅದರ ಹಿಂದಿತ್ತು. ಮೆಹತಾ ಸೂಚಿಸಿದ ದಾರಿಯ ಹತ್ತಿರಕ್ಕೇ ಸರಕಾರ ಬಂದಿತ್ತು. ಕಾರ್ಪೊರೇಷನ್ನಿಗೆ 64 ಸದಸ್ಯರು. 32 ಮಂದಿಯನ್ನು ಕಂದಾಯ ಕಟ್ಟುವವರು ವಾರ್ಡುಗಳಿಂದ ಆರಿಸಬೇಕು, 16 ಮಂದಿಯನ್ನು ಜೆ.ಪಿ.ಗಳು ಆರಿಸಬೇಕು, ಉಳಿದ 16 ಸರಕಾರದ ನೇಮಕ. ಅರ್ಧಕ್ಕರ್ಧ ವಾರ್ಡಿನಿಂದ! ಇಂಗ್ಲಿಷರ ರಾಜ್ಯದಲ್ಲಿ ಆ ಕಾಲಕ್ಕೆ ಅದು ಸಣ್ಣ ಮಾತಲ್ಲ.

ಆದರೆ ವೋಟು ಯಾರಿಗಿತ್ತು? ಅದನ್ನೂ ಹೇಳಬೇಕು. ದೊಡ್ಡ ಮೊತ್ತದ ಕಂದಾಯ ಕಟ್ಟುವವರಿಗೆ ಮಾತ್ರ. 1872ರ ಗಣತಿಯಲ್ಲಿ ಮುಂಬಯಿಯ ಜನಸಂಖ್ಯೆ 6 ಲಕ್ಷ 44 ಸಾವಿರ. ವೋಟಿದ್ದವರು ನೂರಕ್ಕೆ ಒಬ್ಬರೂ ಇರಲಿಲ್ಲ. ಚಾಳಿನಲ್ಲಿ ಹತ್ತು ಮಂದಿ ಒಂದು ಕೋಲಿಯಲ್ಲಿ ಮಲಗುವ ಗಿರಣಿ ಕೂಲಿಗೆ ವೋಟಿಲ್ಲ, ಗೋದಿಯಲ್ಲಿ ಮೂಟೆ ಹೊರುವವನಿಗೆ ವೋಟಿಲ್ಲ, ಬಾಡಿಗೆ ಅಂಗಡಿಯವನಿಗೂ ಬಹುತೇಕ ಇಲ್ಲ. ಮನೆ ಮಾಲಿಕನಿಗೆ ಉಂಟು. ಅಂದರೆ ವಾರ್ಡಿನ ಪ್ರತಿನಿಧಿ ಎಂದರೆ ವಾರ್ಡಿನ ಮಾಲಿಕರ ಪ್ರತಿನಿಧಿ. ಗಟಾರ ಮೊದಲು ಯಾರ ಓಣಿಗೆ ಬಂದಿರಬೇಕೆಂದು ಬಿಡಿಸಿ ಹೇಳಬೇಕಾಗಿಲ್ಲ. ಮೆಹತಾ ಈ ಬಾಗಿಲನ್ನು ಇನ್ನೂ ಅಗಲ ಮಾಡಲು ಹೆಚ್ಚಿಗೆ ಆತುರಪಟ್ಟವರಲ್ಲ. ಓದಿದವರು, ಆಸ್ತಿವಂತರು ಮೊದಲು ಕಲಿಯಲಿ, ಮಿಕ್ಕವರಿಗೆ ಆಮೇಲೆ ಎನ್ನುವ ಕಾಲದ ಮನುಷ್ಯ. ಈ ಕೊರತೆಯನ್ನು ಮುಚ್ಚಿಟ್ಟು ಅವರನ್ನು ದೇವರ ಪಟಕ್ಕೆ ಏರಿಸಿದರೆ ಕಥೆ ಅರ್ಧವಾಗುತ್ತದೆ.

ಎಪ್ಪತ್ತೆರಡು ಮಂದಿಯ ಸಭೆ

ಹೊಸ ಕಾರ್ಪೊರೇಷನ್ನಿನ ಮೊದಲ ಚುನಾವಣೆ 1873ರಲ್ಲಿ. ಮೆಹತಾ ಸದಸ್ಯರಾದರು. ಆಗಿನಿಂದ ಸಾಯುವ ತನಕ ಆ ಸಭೆಯೇ ಅವರ ಮನೆ. 1884, 1885ರಲ್ಲಿ ಅಧ್ಯಕ್ಷರಾದರು, 1905ರಲ್ಲಿ ಮತ್ತೆ ಆದರು. ಬೋರಿ ಬಂದರದ ರೈಲು ಸ್ಟೇಷನ್ನಿನ ಎದುರಿಗೆ ನಿಂತಿದೆಯಲ್ಲ, ಗುಮ್ಮಟದ ದೊಡ್ಡ ಕಟ್ಟಡ, ಅದಕ್ಕೆ 1884ರ ಡಿಸೆಂಬರಿನಲ್ಲಿ ಕಲ್ಲು ಹಾಕಿದವರು ವೈಸರಾಯ್ ರಿಪನ್. ಸ್ಥಳೀಯ ಸ್ವರಾಜ್ಯ ಎಂಬ ಮಾತಿಗೆ 1882ರಲ್ಲಿ ಸರಕಾರದ ಮುದ್ರೆ ಒತ್ತಿದ ರಿಪನ್ ಇವರೇ. ಆಗ ಅಧ್ಯಕ್ಷರ ಕುರ್ಚಿಯಲ್ಲಿ ಮೆಹತಾ. ಕಟ್ಟಡ ಮುಗಿದದ್ದು 1893ರಲ್ಲಿ.

1887ರ ಸುಮಾರಿಗೆ ಸರಕಾರ ಮುನಸಿಪಾಲಿಟಿ ಕಾಯಿದೆಯನ್ನು ಹೊಸದಾಗಿ ಬರೆಯಹೊರಟಿತು. ಕರಡು ನೋಡಿದರೆ ಕಮಿಷನರ್ ಸಾಹೇಬರ ಕೈ ಬಲವಾಗಿತ್ತು, ಸಭೆಯ ಕೈ ಸಡಿಲವಾಗಿತ್ತು. ಅದೃಷ್ಟಕ್ಕೆ ಅಷ್ಟರಲ್ಲಿ ಮೆಹತಾ ಮುಂಬಯಿ ಶಾಸನ ಸಭೆಗೆ ನೇಮಕಗೊಂಡಿದ್ದರು. ಕಾಶೀನಾಥ ತ್ರ್ಯಂಬಕ ತೇಲಂಗ್ ಕೂಡ ಅಲ್ಲಿದ್ದರು. ಇಬ್ಬರೂ ಸೇರಿ ಕಲಮು ಕಲಮಿಗೆ ಕೂತು ತಿದ್ದಿಸಿದರು. 1888ರಲ್ಲಿ ಪಾಸಾದ ಕಾಯಿದೆ ಪ್ರಕಾರ ಊರಿನ ಆಡಳಿತ ಕಾರ್ಪೊರೇಷನ್ನಿಗೆ ಸೇರಿದ್ದು. ಕಮಿಷನರ್ ಸರಕಾರದಿಂದ ಬಂದರೂ ಸಭೆ ಹೇಳಿದ ಕೆಲಸ ಮಾಡಬೇಕಾದವನು. 72 ಸದಸ್ಯರಲ್ಲಿ 45 ಮಂದಿ ವೋಟು ಹಾಕಿದರೆ ಅವನನ್ನು ತೆಗೆಯಲೇಬೇಕು. ಹಣದ ಕೀಲಿಕೈ 12 ಮಂದಿಯ ಸ್ಟ್ಯಾಂಡಿಂಗ್ ಕಮಿಟಿಯಲ್ಲಿ, ಅದರಲ್ಲಿ ಎಂಟು ಮಂದಿಯನ್ನು ಕಾರ್ಪೊರೇಷನ್ನೇ ಆರಿಸಬೇಕು.

ಸದಸ್ಯರ ಲೆಕ್ಕ ಹೀಗಾಯಿತು. ವಾರ್ಡುಗಳಿಂದ 36, ಜೆ.ಪಿ.ಗಳಿಂದ 16, ವಿಶ್ವವಿದ್ಯಾಲಯದಿಂದ 2, ವರ್ತಕರ ಛೇಂಬರಿನಿಂದ 2, ಸರಕಾರದ ನೇಮಕ 16. ಈ ಜೆ.ಪಿ. ಕೋಟಾದ ಹದಿನಾರನ್ನು ನೆನಪಿಟ್ಟುಕೊಳ್ಳಿ. ಮುಂದೆ ಮೆಹತಾರನ್ನು ಕೆಡವಲು ಬಳಸಿದ ಸುರಂಗ ಅಲ್ಲೇ ಇದೆ.

ಇದೇ 1888ರ ಕಾಯಿದೆಯ ಮೇಲೇ ಮುಂಬಯಿ ಮಹಾನಗರಪಾಲಿಕೆ ತಿದ್ದುಪಡಿಗಳೊಂದಿಗೆ ನಡೆದುಬಂದಿದೆ. ಇನ್ನೊಂದು ಮಾತೂ ಇಲ್ಲೇ ಹೇಳಿಬಿಡಬೇಕು. 2017ರಲ್ಲಿ 227 ವಾರ್ಡುಗಳಿಂದ ಆರಿಸಿದ ಸದಸ್ಯರ ಅವಧಿ 2022ರ ಮಾರ್ಚಿಗೆ ಮುಗಿದ ಮೇಲೆ ಮೂರು ವರ್ಷಕ್ಕೂ ಹೆಚ್ಚು ಕಾಲ ಅಲ್ಲಿ ಚುನಾಯಿತ ಸಭೆಯೇ ಇರಲಿಲ್ಲ. ಕಮಿಷನರೇ ಆಡಳಿತಾಧಿಕಾರಿ. ಬೆಂಗಳೂರಿನಲ್ಲೂ 2020ರ ಸೆಪ್ಟೆಂಬರಿನಲ್ಲಿ ಕೌನ್ಸಿಲ್ ಅವಧಿ ಮುಗಿದು ಅದೇ ಗತಿ. ಇಂಗ್ಲಿಷರ ಕಮಿಷನರ್ ಮೇಲೆ ಲಗಾಮು ಹಾಕಲು ಮೆಹತಾ ವರ್ಷಗಟ್ಟಲೆ ಕೂತು ಬರೆಸಿದ ಕಾಯಿದೆ, ನಮ್ಮದೇ ಸರಕಾರದ ಕಾಲದಲ್ಲಿ ಸವಾರನಿಲ್ಲದ ಕುದುರೆಯಾಗಿ ನಿಂತಿತ್ತು.

ಸಭೆಯಲ್ಲಿ ಮೆಹತಾ ಹೇಗಿದ್ದರು? ಅಚ್ಚುಕಟ್ಟಾದ ಕೋಟು, ಪಾರ್ಸಿ ಟೊಪ್ಪಿಗೆ, ಕೆನ್ನೆಯುದ್ದಕ್ಕೂ ಇಳಿದ ಮೀಸೆ. ದನಿ ದೊಡ್ಡದು. ಬಜೆಟ್ ಪುಸ್ತಕ, ಕಾಯಿದೆ ಪುಸ್ತಕ ಎರಡೂ ಬಾಯಿಪಾಠ. ಎದುರಾಳಿಯ ವಾದದಲ್ಲಿ ಒಂದು ಎಳೆ ಸಡಿಲ ಸಿಕ್ಕರೆ ಇಡೀ ಬಟ್ಟೆ ಬಿಚ್ಚಿಬಿಡುತ್ತಿದ್ದರು. ಜನ ಅವರನ್ನು ಮುಂಬಯಿಯ ಸಿಂಹ ಅಂದರು, ಕಿರೀಟವಿಲ್ಲದ ರಾಜ ಅಂದರು. ಬೆನ್ನ ಹಿಂದೆ ಸರ್ವಾಧಿಕಾರಿ ಅಂದವರೂ ಇದ್ದರು, ಅದರಲ್ಲೂ ಸತ್ಯವಿಲ್ಲದಿಲ್ಲ. ಅವರು ಒಪ್ಪದ ಠರಾವು ಪಾಸಾಗುವುದು ಕಷ್ಟ, ಅವರು ಹಿಡಿದ ಠರಾವು ಬೀಳುವುದು ಇನ್ನೂ ಕಷ್ಟ. ಸಭೆ ಜನರದ್ದಾಗಲಿ ಎಂದು ಹೋರಾಡಿದ ಮನುಷ್ಯ ಸಭೆಯನ್ನು ತನ್ನ ಮುಷ್ಟಿಯಲ್ಲಿಟ್ಟುಕೊಂಡಿದ್ದರು.

ಆ ಮುಷ್ಟಿಯಿಂದ ಊರಿಗೆ ಲಾಭವೂ ಆಯಿತು. ಪೊಲೀಸರ ಖರ್ಚು ಊರು ಕೊಡಬೇಕೋ ಸರಕಾರ ಕೊಡಬೇಕೋ ಎಂಬ ಜಗಳ ವರ್ಷಗಟ್ಟಲೆ ನಡೆಯಿತು. ಪೊಲೀಸ್ ಕಮಿಷನರ್ ಸರಕಾರದವನು, ಅವನ ಮೇಲೆ ಊರಿಗೆ ಹತೋಟಿಯಿಲ್ಲ, ಹಾಗಾದರೆ ಬಿಲ್ಲು ಊರಿಗೇಕೆ ಎಂಬುದು ಮೆಹತಾ ಪಟ್ಟು. ಕೊನೆಗೆ 1907ರಲ್ಲಿ ಇತ್ಯರ್ಥವಾಗಿ ಪೊಲೀಸರ ಹೊರೆ ಸರಕಾರಕ್ಕೆ ಹೋಯಿತು, ಬದಲಿಗೆ ಪ್ರಾಥಮಿಕ ಶಿಕ್ಷಣ ಮತ್ತು ಔಷಧೋಪಚಾರದ ಹೊಣೆ ಊರಿನದಾಯಿತು. 1896ರಲ್ಲಿ ಪ್ಲೇಗು ಬಂದ ಮೇಲೆ ಸರಕಾರ 1898ರಲ್ಲಿ ಇಂಪ್ರೂವ್‌ಮೆಂಟ್ ಟ್ರಸ್ಟ್ ಎಂಬ ಬೇರೊಂದು ಸಂಸ್ಥೆ ಕಟ್ಟಿತು. ಇಕ್ಕಟ್ಟಿನ ಓಣಿಗಳನ್ನು ಕೆಡವಿ ಅಗಲ ರಸ್ತೆ ಮಾಡುವ ಕೆಲಸ. ಚುನಾಯಿತ ಸಭೆಯ ಪಕ್ಕದಲ್ಲಿ ಇನ್ನೊಂದು ಅಧಿಕಾರಿಗಳ ಅಡ್ಡೆ ಯಾಕೆ ಅಂತ ಮೆಹತಾ ವಿರೋಧಿಸಿದರು, ಸೋತರು. ಲೇಔಟಿನ ಕಾಗದಕ್ಕೆ ಒಮ್ಮೆ ನಗರಾಭಿವೃದ್ಧಿ ಪ್ರಾಧಿಕಾರ, ಒಮ್ಮೆ ಪಾಲಿಕೆ ಎಂದು ಎರಡು ಕಡೆ ಚಪ್ಪಲಿ ಸವೆಸಿದವರಿಗೆ ಈ ಜಗಳ ಹೊಸದೆನಿಸದು. ಆ ಟ್ರಸ್ಟ್ ಕಾರ್ಪೊರೇಷನ್ನಿನಲ್ಲಿ ವಿಲೀನವಾದದ್ದು 1933ರಲ್ಲಿ, ಮೆಹತಾ ಸತ್ತು ಹದಿನೆಂಟು ವರ್ಷದ ಮೇಲೆ.

ಕಾರ್ಪೊರೇಷನ್ನಿನ ಹೊರಗಿನ ಬಾಳು ಚುಟುಕಾಗಿ ಹೇಳಿದರೆ ಸಾಕು. 1885ರ ಜನವರಿಯಲ್ಲಿ ತೇಲಂಗ್, ತ್ಯಾಬ್ಜಿ ಜತೆ ಬಾಂಬೆ ಪ್ರೆಸಿಡೆನ್ಸಿ ಅಸೋಸಿಯೇಷನ್ ಕಟ್ಟಿದರು. ಅದೇ ವರ್ಷದ ಕೊನೆಗೆ ಮುಂಬಯಿಯಲ್ಲೇ ಕಾಂಗ್ರೆಸ್ಸು ಹುಟ್ಟಿತು. 1890ರ ಕಲ್ಕತ್ತಾ ಅಧಿವೇಶನಕ್ಕೆ ಮೆಹತಾ ಅಧ್ಯಕ್ಷರು. 1896ರಲ್ಲಿ ದಕ್ಷಿಣ ಆಫ್ರಿಕದಿಂದ ಬಂದ ಒಬ್ಬ ಯುವಕ ವಕೀಲ ಅವರ ಬಾಗಿಲು ತಟ್ಟಿದ. ಮೋಹನದಾಸ ಗಾಂಧಿ. ಮೆಹತಾ ಸಭೆ ಏರ್ಪಾಟು ಮಾಡಿಸಿ, ಭಾಷಣ ಬರೆದು ಅಚ್ಚು ಹಾಕಿಸಿಕೊಂಡೇ ಬರಬೇಕೆಂದು ತಾಕೀತು ಮಾಡಿದರು. ಒಳ್ಳೆಯದೇ ಆಯಿತು. ಸಭೆಯಲ್ಲಿ ಗಾಂಧಿಯ ದನಿ ಏಳಲಿಲ್ಲ, ದಿನ್ಷಾ ವಾಚಾ ಅವರೇ ಓದಿ ಮುಗಿಸಬೇಕಾಯಿತು. 1901ರಲ್ಲಿ ಕಲ್ಕತ್ತಾ ಕಾಂಗ್ರೆಸ್ಸಿಗೆ ಹೋಗುವಾಗ ಮೆಹತಾರದು ರೈಲಿನಲ್ಲಿ ಪ್ರತ್ಯೇಕ ಸಲೂನು. ಮಾತಾಡಬೇಕಾದರೆ ಗಾಂಧಿ ಒಂದು ಸ್ಟೇಷನ್ನಿನಲ್ಲಿ ಹತ್ತಿ ಇನ್ನೊಂದರಲ್ಲಿ ಇಳಿಯಬೇಕಾಗಿತ್ತು. ಮುಂದೆ ಮೂರನೇ ಕ್ಲಾಸಿನಲ್ಲೇ ದೇಶ ಸುತ್ತಿದ ಮನುಷ್ಯನಿಗೂ ಇವರಿಗೂ ಇದ್ದ ದೂರ ಆ ಡಬ್ಬಿಯಲ್ಲೇ ಕಾಣುತ್ತದೆ.

ಅದೇ 1901ರಲ್ಲಿ ಮುಂಬಯಿ ಶಾಸನ ಸಭೆಗೆ ಜಮೀನು ಕಂದಾಯದ ತಿದ್ದುಪಡಿ ಬಂತು. ಕಂದಾಯ ಬಾಕಿಗೆ ಜಪ್ತಾದ ಜಮೀನನ್ನು ರೈತನಿಗೆ ಮರಳಿ ಕೊಟ್ಟರೂ ಅವನು ಮಾರುವಂತಿಲ್ಲ, ಒತ್ತೆ ಇಡುವಂತಿಲ್ಲ ಎಂದು ಕಟ್ಟು ಹಾಕುವ ಮಸೂದೆ. ಧಾರವಾಡ, ಬೆಳಗಾವಿ, ವಿಜಾಪುರದ ರೈತನಿಗೂ ನೇರ ತಗಲುವಂಥದು. ಸಾವಕಾರನಿಂದ ರೈತನನ್ನು ಉಳಿಸಲಿಕ್ಕೆ ಎಂದು ಸರಕಾರ ಹೇಳಿತು. ರೈತನ ಹಕ್ಕನ್ನೇ ಕಸಿದು ಅವನನ್ನು ಸರಕಾರದ ಗೇಣಿದಾರ ಮಾಡುತ್ತೀರಿ, ಮೊದಲು ಜನರ ಅಭಿಪ್ರಾಯ ಕೇಳಿ ಎಂಬ ವಾದ ಮೆಹತಾ ಅವರದು. ಕೇಳಲಿಲ್ಲ. ಮೆಹತಾ ಎದ್ದು ಹೊರಗೆ ನಡೆದರು, ಹಿಂದೆಯೇ ಗೋಖಲೆ ಮೊದಲಾದವರು ನಡೆದರು. ಸಭಾತ್ಯಾಗ ಈಗ ದಿನಾ ಕಾಫಿ ಕುಡಿದಷ್ಟು ಸಲೀಸು. ಆಗ ಗವರ್ನರ್ ಎದುರಿಗೇ ಹೀಗೆ ಎದ್ದು ಹೋಗುವುದು ಕೇಳಿ ತಿಳಿಯದ ಸಂಗತಿ.

ಕೂಟ

1905ರಲ್ಲಿ ವಿಲಾಯತಿಯ ಯುವರಾಜರು ಮುಂಬಯಿಗೆ ಇಳಿಯುವ ಕಾರ್ಯಕ್ರಮ. ಬಂದರದಲ್ಲಿ ಸ್ವಾಗತಿಸುವವರ ಸಾಲಿನಲ್ಲಿ ಊರಿನ ಅಧ್ಯಕ್ಷರಿಗೆ ಸರಿಯಾದ ಜಾಗವನ್ನೇ ಸರಕಾರ ಇಟ್ಟಿರಲಿಲ್ಲ. ಅಧ್ಯಕ್ಷರು ಯಾರು? ಮೆಹತಾ. ಊರಿಗೆ ಬರುವ ಅತಿಥಿಯನ್ನು ಊರೇ ಎದುರುಗೊಳ್ಳಬೇಕು, ಇಲ್ಲವಾದರೆ ಊರು ಈ ಸಮಾರಂಭದಿಂದ ದೂರ ಉಳಿಯುತ್ತದೆ ಎಂದು ಪಟ್ಟು ಹಿಡಿದರು. ಸರಕಾರ ಮಣಿಯಿತು. ಮೆಹತಾ ಬಿನ್ನವತ್ತಳೆ ಓದಿದರು. ನೋಡಲು ಕುರ್ಚಿಯ ಜಗಳ, ಒಳಗೆ ಚುನಾಯಿತ ಸಭೆಯ ಮಾನದ ಜಗಳ. ಸಾಹೇಬರ ಹೊಟ್ಟೆಯಲ್ಲಿ ಇದು ಕುದಿಯುತ್ತಿತ್ತು.

1907ರಲ್ಲಿ ಆ ಕುದಿ ಹೊರಗೆ ಬಂತು. ಕಾರ್ಪೊರೇಷನ್ನಿನ ಚುನಾವಣೆ. ಮೆಹತಾ ಜೆ.ಪಿ.ಗಳ ಹದಿನಾರು ಸ್ಥಾನಗಳ ಪೈಕಿ ಒಂದಕ್ಕೆ ನಿಂತಿದ್ದರು. ಅವರನ್ನು ಕೆಡವಲೇಬೇಕೆಂದು ಒಂದು ಕೂಟ ಕಟ್ಟಿತು. ಅದಕ್ಕೆ ಕಾಕಸ್ ಎಂಬ ಹೆಸರೇ ನಿಂತುಹೋಯಿತು. ಮುಂದಾಳು ಸರಕಾರದ ಅಕೌಂಟೆಂಟ್ ಜನರಲ್ ಹ್ಯಾರಿಸನ್. ಜತೆಗೆ ಪೊಲೀಸ್ ಕಮಿಷನರ್ ಗೆಲ್, ಕಲೆಕ್ಟರ್ ಹ್ಯಾಚ್, ಟೈಮ್ಸ್ ಆಫ್ ಇಂಡಿಯಾ ಸಂಪಾದಕ ಲೊವಾಟ್ ಫ್ರೇಸರ್. ಲೆಕ್ಕ, ಲಾಠಿ, ಕಚೇರಿ, ಪತ್ರಿಕೆ, ಚುನಾವಣೆಗೆ ಇನ್ನೇನು ಬೇಕು? ಒಬ್ಬನ ರಾಜ್ಯಭಾರ ಸಾಕು, ಮೆಹತಾ ಮಾತಿಲ್ಲದೆ ಊರಿನಲ್ಲಿ ಕಸವೂ ಅಲುಗುವುದಿಲ್ಲ ಎಂಬುದು ಅವರ ಹೊರಗಿನ ಮಾತು. ಪೂರಾ ಸುಳ್ಳೆಂದು ಹೇಳುವಂತಿರಲಿಲ್ಲ, ಅದರಿಂದಲೇ ಆ ಮಾತು ನಡೆಯಿತು.

ಉಪಾಯ ಸರಳ. ವಾರ್ಡಿನಲ್ಲಿ ಸಾವಿರಾರು ಮತದಾರರು, ಅಲ್ಲಿ ಸಾಹೇಬರ ಆಟ ನಡೆಯದು. ಜೆ.ಪಿ.ಗಳ ಪಟ್ಟಿ ಚಿಕ್ಕದು. ಅದರಲ್ಲಿ ಸರಕಾರಿ ನೌಕರರು, ಯುರೋಪಿಯನ್ ವರ್ತಕರು, ಸರಕಾರದ ಕೃಪೆಯಿಂದ ಜೆ.ಪಿ. ಆದವರು. ಪೊಲೀಸ್ ಕಮಿಷನರ್, ಕಲೆಕ್ಟರ್ ಒಂದು ಪಟ್ಟಿಯ ಪರ ಇದ್ದಾರೆ ಅಂದ ಮೇಲೆ ಅವರ ಕೈಕೆಳಗಿನವರು, ಅವರಿಂದ ಕೆಲಸವಾಗಬೇಕಾದವರು ಯಾವ ಕಡೆ ವೋಟು ಹಾಕಿಯಾರು? ಕೂಟದವರು ಹದಿನಾರು ಹೆಸರಿನ ಪಟ್ಟಿ ಮಾಡಿದರು. ಬರೀ ಬಿಳಿಯರದೇ ಮಾಡಿದರೆ ಗುಟ್ಟು ರಟ್ಟಾಗುತ್ತದಲ್ಲ, ಭಾರತೀಯರನ್ನೂ ಸೇರಿಸಿದರು. ಮೆಹತಾ ಹೆಸರು ಮಾತ್ರ ಇಲ್ಲ.

ಮತ ಎಣಿಸಿದರು. ಹದಿನಾರು ಸ್ಥಾನ. ಮೆಹತಾ ಹದಿನೇಳನೆಯವರು.

ಮೂವತ್ತು ವರ್ಷಕ್ಕೂ ಮೇಲೆ ಕಾರ್ಪೊರೇಷನ್ ಎಂದರೆ ಮೆಹತಾ, ಮೆಹತಾ ಎಂದರೆ ಕಾರ್ಪೊರೇಷನ್ ಎಂದು ಬದುಕಿದ ಮನುಷ್ಯ ಹೊರಗೆ. ಊರು ದಂಗಾಯಿತು, ಆಮೇಲೆ ಸಿಟ್ಟಾಯಿತು. ಮಾಧವಬಾಗಿನಲ್ಲಿ ದೊಡ್ಡ ಪ್ರತಿಭಟನಾ ಸಭೆ ಸೇರಿತು, ಗೋಖಲೆ ಅಧ್ಯಕ್ಷತೆ ವಹಿಸಿದರು. ಮೆಹತಾರ ದರ್ಪ ಸಹಿಸದೆ ಗೊಣಗುತ್ತಿದ್ದವರೂ ಈಗ ಅವರ ಹಿಂದೆ ನಿಂತರು. ಪ್ರಶ್ನೆ ಈಗ ಮೆಹತಾರದಾಗಿ ಉಳಿದಿರಲಿಲ್ಲ. ಊರಿನ ಪ್ರತಿನಿಧಿಯನ್ನು ಸರಕಾರಿ ನೌಕರರು ಕೂತು ಆರಿಸಬಹುದೋ ಇಲ್ಲವೋ ಎಂಬುದಾಗಿತ್ತು.

ವ್ಯಾಜ್ಯ ಕೋರ್ಟಿಗೆ ಹೋಯಿತು. ಮೆಹತಾ ತಮ್ಮ ಪರ ವಾದಿಸಲು ಹಿಡಿದ ವಕೀಲ ಇನ್ನೂ ಮೂವತ್ತರ ಹರೆಯದವರು, ಹೆಸರು ಮೊಹಮ್ಮದಾಲಿ ಜಿನ್ನಾ. ಹೌದು, ಅದೇ ಜಿನ್ನಾ. ಆಗ ಅವರು ಮೆಹತಾ ಗರಡಿಯ ಹುಡುಗ, ಕಾಂಗ್ರೆಸ್ಸಿಗ. ಕಾಕಸ್ ಕೇಸ್ ಎಂದೇ ಪ್ರಸಿದ್ಧವಾದ ಈ ಮೊಕದ್ದಮೆಯಿಂದ ಜಿನ್ನಾ ಮುಂಬಯಿ ತುಂಬ ಮನೆಮಾತಾದರು. ಕೇಸು ಮಾತ್ರ ಗೆಲ್ಲಲಿಲ್ಲ. ಹೆಸರು ಬರಲು ಗೆಲ್ಲಲೇಬೇಕೆಂದೇನಿಲ್ಲವಲ್ಲ.

ಮೆಹತಾ ಒಳಗೆ ಬಂದದ್ದು ಬೇರೆ ಬಾಗಿಲಿನಿಂದ. ಗೆದ್ದ ಹದಿನಾರು ಮಂದಿಯಲ್ಲಿ ಒಬ್ಬರ ಆಯ್ಕೆ ಕಾಯಿದೆಯ ಪ್ರಕಾರ ಊರ್ಜಿತವಾಗಲಿಲ್ಲ. ಒಂದು ಕುರ್ಚಿ ಖಾಲಿಯಾಯಿತು, ಹದಿನೇಳನೆಯವರು ಹದಿನಾರನೆಯವರಾದರು. ಇಡೀ ಸರಕಾರಿ ಯಂತ್ರ ಬೆವರು ಸುರಿಸಿ ಕಟ್ಟಿದ ಕೋಟೆ ಒಂದು ಕಲಮಿನಿಂದ ಬಿತ್ತು. 1888ರಲ್ಲಿ ಕಾಯಿದೆಯ ಒಂದೊಂದು ಕಲಮಿಗೂ ಕಾದಾಡಿದ್ದ ಮೆಹತಾರಿಗೆ ಕಲಮಿನ ಬೆಲೆ ಗೊತ್ತಿಲ್ಲದ್ದೇನಲ್ಲ.

ಇಲ್ಲಿ ಒಂದು ವಿಚಾರ. ಮೆಹತಾ ಬಿದ್ದದ್ದು ಜೆ.ಪಿ. ಕ್ಷೇತ್ರದಲ್ಲಿ. ತಮ್ಮ ಇಪ್ಪತ್ತಾರನೆಯ ವಯಸ್ಸಿನಲ್ಲಿ ಯಾವ ಗುಂಪು ಯಾರಿಗೂ ಉತ್ತರ ಹೇಳುವುದಿಲ್ಲ ಎಂದು ಕಿಡಿಕಾರಿದ್ದರೋ ಅದೇ ಗುಂಪಿನ ವೋಟಿನ ಮೇಲೆ ಅವರು ನಿಂತಿದ್ದರು. ಯಾವುದೋ ಒಂದು ವಾರ್ಡಿನಲ್ಲಿ ನಿಂತಿದ್ದರೆ ಕಲೆಕ್ಟರು, ಪೊಲೀಸು ಸೇರಿ ಹೀಗೆ ಆಟ ಆಡಲು ಇಷ್ಟು ಸುಲಭವಾಗುತ್ತಿರಲಿಲ್ಲ. 36 ವಾರ್ಡು ಸ್ಥಾನಗಳ ಶಕ್ತಿ ಏನೆಂಬುದು ಮೆಹತಾರ ಸೋಲಿನಿಂದಲೇ ಊರಿಗೆ ತಿಳಿಯಿತು.

ಅದೇ ವರ್ಷದ ಡಿಸೆಂಬರ್ ಅವರಿಗೆ ಇನ್ನೊಂದು ಪೆಟ್ಟು ಕಾದಿಟ್ಟಿತ್ತು. ನಾಗಪುರದಲ್ಲಾಗಬೇಕಿದ್ದ ಕಾಂಗ್ರೆಸ್ ಅಧಿವೇಶನ ಸೂರತ್ತಿಗೆ ಬದಲಾದದ್ದರಲ್ಲಿ ಮೆಹತಾರ ಕೈ ದೊಡ್ಡದು. ತಿಲಕರ ಕಡೆಯವರ ಬಲ ಅಲ್ಲಿ ಕಡಿಮೆ ಎಂಬುದು ಲೆಕ್ಕ. ಸೂರತ್ತಿನ ಮಂಟಪದಲ್ಲಿ ಗಲಾಟೆ ಎದ್ದು ಎಲ್ಲಿಂದಲೋ ಒಂದು ಮೆಟ್ಟು ಹಾರಿ ಬಂತು. ಸುರೇಂದ್ರನಾಥ ಬ್ಯಾನರ್ಜಿಯವರಿಗೆ ತಗಲಿ ಮೆಹತಾರಿಗೂ ತಗಲಿತು. ಕಾಂಗ್ರೆಸ್ಸು ಎರಡಾಯಿತು. ಮುಂಬಯಿಯಲ್ಲಿ ಸಾಹೇಬರ ಕೂಟಕ್ಕೆ ಬಲಿಯಾಗಿ ಜನರ ಕನಿಕರ ಗಳಿಸಿದವರು ಸೂರತ್ತಿನಲ್ಲಿ ತಾವೇ ಕೂಟ ಕಟ್ಟಿದವರೆಂದು ಬೈಸಿಕೊಂಡರು. ಒಂದೇ ವರ್ಷದಲ್ಲಿ ಎರಡೂ.

ಕೊನೆಯ ವರ್ಷಗಳಲ್ಲೂ ಸುಮ್ಮನೆ ಕೂರಲಿಲ್ಲ. 1911ರಲ್ಲಿ ಸೊರಾಬ್‌ಜಿ ಪೋಚ್‌ಖಾನಾವಾಲಾ ಸೆಂಟ್ರಲ್ ಬ್ಯಾಂಕ್ ಶುರು ಮಾಡಿದಾಗ ಮೊದಲ ಅಧ್ಯಕ್ಷರು ಮೆಹತಾ. ಇಂದಿಗೂ ಪೇಟೆಯಲ್ಲಿ ಆ ಬ್ಯಾಂಕಿನ ಪಾಸ್‌ಬುಕ್ ಹಿಡಿದವರು ಬೇಕಾದಷ್ಟು ಮಂದಿ. ಟೈಮ್ಸಿನಂಥ ಪತ್ರಿಕೆ ಎದುರು ನಿಂತರೆ ಏನಾಗುತ್ತದೆಂದು 1907ರಲ್ಲಿ ಉಂಡಿದ್ದರಲ್ಲ, 1913ರಲ್ಲಿ ತಮ್ಮದೇ ಬಾಂಬೆ ಕ್ರಾನಿಕಲ್ ಹೊರಡಿಸಿದರು. ಸಂಪಾದಕ ಬಿ. ಜಿ. ಹಾರ್ನಿಮನ್ ಎಂಬ ಇಂಗ್ಲಿಷ್ ಮನುಷ್ಯ. ಸಾಹೇಬರನ್ನು ಬೈಯಲು ಸಾಹೇಬನನ್ನೇ ತಂದರು ಅನ್ನಿ. 1915ರ ನವೆಂಬರ್ 5ರಂದು ಎಪ್ಪತ್ತನೆಯ ವಯಸ್ಸಿನಲ್ಲಿ ಮುಂಬಯಿಯಲ್ಲಿ ತೀರಿಕೊಂಡರು. ಅದೇ ವರ್ಷ ಫೆಬ್ರವರಿಯಲ್ಲಿ ಗೋಖಲೆ ಹೋಗಿದ್ದರು.

ಕಾರ್ಪೊರೇಷನ್ ಕಟ್ಟಡದ ಎದುರಿನಲ್ಲಿ ಅವರ ಕಂಚಿನ ಪ್ರತಿಮೆ 1923ರಲ್ಲಿ ನಿಂತಿತು. ಅದಕ್ಕೂ ಒಂದು ವರ್ಷ ಮೊದಲು ಕಾಯಿದೆ ಬದಲಾಗಿತ್ತು. ಜೆ.ಪಿ.ಗಳ ಹದಿನಾರು ಕುರ್ಚಿ ರದ್ದಾದವು. ಮನೆ ಮಾಲಿಕನಷ್ಟೇ ಅಲ್ಲ, ತಿಂಗಳಿಗೆ ಹತ್ತು ರೂಪಾಯಿ ಬಾಡಿಗೆ ಕೊಡುವವನಿಗೂ ವೋಟು ಬಂತು. ಅಧ್ಯಕ್ಷರನ್ನು ಮೇಯರ್ ಎಂದು ಕರೆಯಲು ಶುರುವಾದದ್ದು 1931ರಿಂದ. ಚಾಳಿನ ಕೋಲಿಯಲ್ಲಿ ಹತ್ತರಲ್ಲಿ ಒಬ್ಬನಾಗಿ ಮಲಗುತ್ತಿದ್ದ ಗಿರಣಿ ಕೂಲಿ, ಗೋದಿಯ ಹಮಾಲ, ಅವರ ಹೆಂಡಂದಿರು ವಾರ್ಡಿನ ವೋಟು ಹಾಕಲು ಮೊದಲ ಸಲ ಸಾಲಿನಲ್ಲಿ ನಿಂತದ್ದು 1948ರ ಚುನಾವಣೆಯಲ್ಲಿ.